ಏಳು ಶುಕ್ರವಾರ

ಅವರು ತೀರಿಕೊಂಡ ಸುದ್ದಿ ನನಗೆ ಅದೇ ದಿನ ಮಧ್ಯಾಹ್ನ ತಲುಪಿತ್ತು. ಅವರ ಮನೆಗೆ ನಾನು ಹೋದದ್ದು ಮೂವತ್ತೆಂಟನೆಯ ದಿನ. ದಾದರಿನಿಂದ ಮುಲುಂಡಿಗೆ ಲೋಕಲ್‌ನಲ್ಲಿ ಮುಕ್ಕಾಲು ಗಂಟೆ ಸಾಕು. ನಡುವೆ ಸಮುದ್ರವಿಲ್ಲ, ಘಟ್ಟವಿಲ್ಲ. ಆದರೂ ನನಗೆ ಮೂವತ್ತೆಂಟು ದಿನ ಹಿಡಿಯಿತು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಅವರಿದ್ದಿದ್ದರೆ ಮೊದಲು ಕೇಳುತ್ತಿದ್ದದ್ದು ಇದನ್ನೇ.

ಅವರ ಹೆಸರು ಬರೆಯುವುದಿಲ್ಲ. ದಾದರ್ ಸ್ಟೇಷನ್ನಿನ ಪಕ್ಕದ ಹಳೆಯ ಬಿಲ್ಡಿಂಗಿನ ಎರಡನೆಯ ಮಾಳಿಗೆಯಲ್ಲಿ ನಮ್ಮ ಸೀನಿಯರ್ ವಕೀಲರ ಆಫೀಸು. ಅಲ್ಲಿ ಅವರು ಮೂವತ್ತು ವರ್ಷ ಕ್ಲಾರ್ಕ್ ಆಗಿದ್ದರು. ಸೀನಿಯರ್‌ರಿಂದ ಹಿಡಿದು ಕೆಳಗಿನ ಚಹಾದವನವರೆಗೆ ಎಲ್ಲರಿಗೂ ಅವರು ‘ಮಾಮ’. ಉಡುಪಿ ಕಡೆಯವರು. ಹದಿನಾರನೆಯ ವಯಸ್ಸಿಗೆ ಮುಂಬೈಗೆ ಬಂದು ಮಾಟುಂಗದ ಒಂದು ಹೋಟೆಲಿನಲ್ಲಿ ಸಪ್ಲಾಯರ್ ಆಗಿದ್ದರಂತೆ. ಅದೇ ಹೋಟೆಲಿನ ಅಡುಗೆಮನೆಯಲ್ಲಿ ನನ್ನ ಅಪ್ಪ ದೋಸೆ ಹುಯ್ಯುತ್ತಿದ್ದರು. ಅಪ್ಪ ಹೋದ ಮೇಲೆ ನನ್ನನ್ನು ಲಾ ಕಾಲೇಜಿಗೆ ಹಾಕಿಸಿದ್ದೂ ಮಾಮನೇ, ಕರಿ ಕೋಟು ಹೊಲಿಸಿಕೊಂಡ ಮರುವಾರ ಈ ಆಫೀಸಿನಲ್ಲಿ ಜೂನಿಯರ್ ಆಗಿ ಕೂರಿಸಿದ್ದೂ ಅವರೇ. ಅಂದಿನಿಂದ ಮಾತ್ರ ‘ಏ ಮಾಣಿ’ ಎನ್ನುವುದನ್ನು ಬಿಟ್ಟು ‘ವಕೀಲ್ರೇ’ ಎನ್ನತೊಡಗಿದರು. ಅದರಲ್ಲಿ ಅರ್ಧ ಮರ್ಯಾದೆ, ಅರ್ಧ ಕೀಟಲೆ.

ಅರ್ಧ ತೋಳಿನ ಬಿಳಿ ಶರ್ಟು, ಕಿವಿಯ ಮೇಲೆ ಪೆನ್ಸಿಲು, ಬಗಲಲ್ಲಿ ಬಟ್ಟೆಯ ಚೀಲ. ಆಫೀಸಿಗೆ ಐದು ನಿಮಿಷ ತಡವಾದರೂ ಅವರು ‘ಸಾರಿ’ ಎನ್ನುತ್ತಿರಲಿಲ್ಲ. ‘ಏಳು ಐವತ್ತೆರಡರ ಗಾಡಿ ಕುರ್ಲಾದಲ್ಲಿ ಹನ್ನೊಂದು ನಿಮಿಷ ನಿಂತಿತು’ ಎಂದು ಹೇಳಿ ಕೂರುತ್ತಿದ್ದರು. ಬೇರೆಯವರು ಸಾರಿ ಎಂದರೆ ಅವರಿಗೆ ಉರಿಯುತ್ತಿತ್ತು. ‘ಸಾರಿ ಯಾರಿಗೆ ಬೇಕು ಮಾರಾಯ್ರೇ? ಕಾರಣ ಹೇಳಿ’ ಎನ್ನುವರು.

ಈ ಬುದ್ಧಿ ಅವರ ಕೆಲಸದಿಂದಲೇ ಬಂದದ್ದು. ಆಫೀಸಿನಲ್ಲಿ ಅವರು ಮಾಡದ ಕೆಲಸವಿಲ್ಲ, ಆದರೆ ಅವರ ಹೆಸರು ನಿಂತದ್ದು ಒಂದೇ ವಿದ್ಯೆಯ ಮೇಲೆ. ಕೆಳಗಿನ ಕೋರ್ಟಿನಲ್ಲಿ ಸೋತವರು ಅಪೀಲು ಹಾಕಲು ಕಾನೂನು ಒಂದು ಗಡುವು ಇಟ್ಟಿದೆ. ಬಾಡಿಗೆ ಮನೆಯ ಕೇಸುಗಳಲ್ಲಿ ಮೂವತ್ತು ದಿನ. ಗಡುವು ದಾಟಿ ಬಂದವರು ಅಪೀಲಿನ ಜೊತೆಗೆ ‘ತಡ ಮನ್ನಾ ಮಾಡಿ’ ಎಂದು ಇನ್ನೊಂದು ಅರ್ಜಿ ಹಾಕಬೇಕು, ತಡಕ್ಕೆ ಸಾಕಷ್ಟು ಕಾರಣವಿತ್ತು ಎಂದು ಪ್ರಮಾಣ ಮಾಡಬೇಕು. ಕೋರ್ಟು ಒಪ್ಪಿದರೆ ಬಾಗಿಲು ತೆರೆಯುತ್ತದೆ. ಒಪ್ಪದಿದ್ದರೆ ಕೇಸಿನಲ್ಲಿ ಎಷ್ಟೇ ಸತ್ಯವಿರಲಿ, ಯಾರೂ ಅದನ್ನು ತೆರೆದು ನೋಡುವುದಿಲ್ಲ. ಈ ಅರ್ಜಿಯ ಕರಡು ಬರೆಯುವುದರಲ್ಲಿ ಮಾಮನಿಗೆ ಸಮ ಇರಲಿಲ್ಲ. ಬೇರೆ ಆಫೀಸಿನ ವಕೀಲರೂ ಬಂದು ಅವರ ಮೇಜಿನ ಮುಂದೆ ಕೂರುತ್ತಿದ್ದರು.

ತಡವಾಗಿ ಬಂದ ಕಕ್ಷಿದಾರರಿಗೆ ಅವರ ಮೊದಲ ಮಾತು ಯಾವಾಗಲೂ ಒಂದೇ. ‘ನಿಮ್ಮ ಅಡುಗೆಮನೆಯ ಕ್ಯಾಲೆಂಡರ್ ತನ್ನಿ.’

ಜನ ಕಕ್ಕಾಬಿಕ್ಕಿಯಾಗುತ್ತಿದ್ದರು. ಕಾಗದಪತ್ರ ಕೇಳುವ ವಕೀಲರನ್ನು ಕಂಡಿದ್ದಾರೆ, ಗೋಡೆಯ ಕ್ಯಾಲೆಂಡರ್ ಕೇಳುವವರನ್ನು ಎಲ್ಲಿ ಕಂಡಿದ್ದಾರೆ? ಆದರೆ ಮುಂಬೈಯ ಅಡುಗೆಮನೆಯ ಕ್ಯಾಲೆಂಡರಿನಲ್ಲಿ ಏನಿರುವುದಿಲ್ಲ? ಹಾಲು ಬಾರದ ದಿನಕ್ಕೆ ಅಡ್ಡಗೆರೆ, ಗ್ಯಾಸ್ ಸಿಲಿಂಡರ್ ಬದಲಾಯಿಸಿದ ದಿನಕ್ಕೆ ಸುತ್ತು, ಊರಿನಿಂದ ಅತ್ತೆ ಬಂದ ದಿನ, ರಕ್ತ ಪರೀಕ್ಷೆಯ ದಿನ, ಸಂಕಷ್ಟಿ. ಮಾಮ ಅದನ್ನು ಮೇಜಿನ ಮೇಲೆ ಹರಡಿ, ಕಿವಿಯ ಪೆನ್ಸಿಲು ತೆಗೆದು, ಗಡುವು ಮುಗಿದ ಮರುದಿನದಿಂದ ಒಂದೊಂದೇ ಚೌಕದ ಮೇಲೆ ಬೆರಳಿಡುತ್ತಿದ್ದರು. ‘ಸೋಮವಾರ ಆಯ್ತು. ಮಂಗಳವಾರ ಎಂತ ಮಾಡಿದ್ರಿ?’ ಮೊದಲು ಏನೂ ನೆನಪಿಲ್ಲ ಎಂದವರು ಅರ್ಧ ಗಂಟೆಯಲ್ಲಿ ದಿನದಿನದ ಕಥೆ ಹೇಳತೊಡಗುತ್ತಿದ್ದರು. ಕೆಲವರು ಅಳುತ್ತಿದ್ದರು. ಕೇಸು ಮುಗಿದ ಮೇಲೆ ಕ್ಯಾಲೆಂಡರನ್ನು ಸುರುಳಿ ಸುತ್ತಿ ಮರೆಯದೆ ಹಿಂದಿರುಗಿಸುವುದು ಅವರ ನೇಮ.

ಒಂದು ಕಾರಣವನ್ನು ಮಾತ್ರ ಅವರು ಬರೆಯುತ್ತಿರಲಿಲ್ಲ, ಸುಳ್ಳು ಕಾಯಿಲೆ. ತಡಕ್ಕೆ ಕಾರಣ ಕೇಳಿದರೆ ಹತ್ತರಲ್ಲಿ ಎಂಟು ವಕೀಲರು ಜಾಂಡೀಸ್ ಬರೆಯುತ್ತಾರೆ. ಮಲಗಿದಲ್ಲಿಂದ ಏಳಲಾಗದ, ಸಾಯುವಷ್ಟೂ ಅಲ್ಲದ ಅನುಕೂಲದ ಕಾಯಿಲೆ ಅದು. ‘ಈ ಕೋರ್ಟಿಗೆ ಬಂದಷ್ಟು ಜಾಂಡೀಸ್ ಯಾವ ಆಸ್ಪತ್ರೆಗೂ ಬರ್ಲಿಲ್ಲ’ ಎಂದು ಮಾಮ ನಗುತ್ತಿದ್ದರು.

ಸಯಾನಿನ ಒಬ್ಬ ಹೋಟೆಲಿನವರು ಅಣ್ಣನ ಮೇಲಿನ ಕೇಸಿನಲ್ಲಿ ಸೋತು, ಗಡುವು ಮುಗಿದು ತೊಂಬತ್ತು ದಿನವಾದ ಮೇಲೆ ಬಂದಿದ್ದರು. ಕ್ಯಾಲೆಂಡರಿನ ಮೂರು ತಿಂಗಳು ಖಾಲಿ, ಒಂದು ಗೀಟು ಇಲ್ಲ. ಮಾಮ ಬಿಡದೆ ಕೇಳಿದರು. ಕೊನೆಗೆ ಆ ಮನುಷ್ಯ ತಲೆ ತಗ್ಗಿಸಿ, ‘ಒಡಹುಟ್ಟಿದವನ ಕೈಯಲ್ಲಿ ಸೋತೆನಲ್ಲ, ಮುಖ ತೋರಿಸ್ಲಿಕ್ಕೆ ಆಗ್ಲಿಲ್ಲ, ಊರಿಗೆ ಹೋಗಿ ಸುಮ್ಮನೆ ಕೂತಿದ್ದೆ’ ಎಂದರು. ಮಾಮ ಹಾಗೆಯೇ ಬರೆದರು. ‘ನಾಚಿಕೆಯೂ ಒಂದು ಕಾರಣವೇ?’ ಎಂದು ಸೀನಿಯರ್‌ಗೆ ಸಿಟ್ಟು ಬಂತು. ಆದರೆ ನ್ಯಾಯಾಧೀಶರು ಓದಿದರು, ಕನ್ನಡಕ ತೆಗೆದು ಆ ಮನುಷ್ಯನನ್ನು ಒಮ್ಮೆ ನೋಡಿದರು, ತಡ ಮನ್ನಾ ಮಾಡಿದರು. ಅದೇ ವಾರ ಬೇರೆ ಆಫೀಸಿನ ಒಂದು ಅರ್ಜಿ, ಕೇವಲ ಎರಡು ದಿನ ತಡವಾದದ್ದು, ‘ಕೆಲಸದ ಒತ್ತಡ’ ಎಂದಷ್ಟೇ ಬರೆದಿದ್ದಕ್ಕೆ ವಜಾ ಆಯಿತು. ‘ದಿನ ಎಷ್ಟು ಅಂತ ಅಲ್ಲ ವಕೀಲ್ರೇ, ಆ ದಿನಕ್ಕೆ ಬಾಯಿ ಉಂಟಾ ಅಂತ ನೋಡುದು’ ಎಂದು ಮಾಮ ನನಗೆ ಹೇಳಿದ್ದು ಆ ಸಂಜೆ, ಮಾಟುಂಗದಲ್ಲಿ ನಿಂತು ಕಾಫಿ ಕುಡಿಯುವಾಗ.

ಹೀಗೆ ಹೇಳುತ್ತಾ ಹೋದರೆ ಅವರನ್ನು ಹೊಗಳಿ ಮುಗಿಸಿಬಿಡಬಹುದು. ಅವರೇನೂ ದೇವರಲ್ಲ. ಹಟಮಾರಿ, ಬಾಯಿ ಹರಿತ, ಹೆಂಡತಿ ಬದುಕಿದ್ದಾಗ ಅವರನ್ನೂ ‘ಮಂಗಳವಾರ ಎಂತ ಮಾಡಿದೆ’ ಎಂದು ಪ್ರಶ್ನಿಸಿ ಬೈಸಿಕೊಂಡವರು. ಮತ್ತು ಒಂದೇ ಒಂದು ಸಲ ಅವರು ಜಾಂಡೀಸ್ ಬರೆದರು. ಅದು ನನ್ನ ಸಲುವಾಗಿ.

ನಾನು ಸನದು ಪಡೆದು ಎರಡು ವರ್ಷವಾಗಿತ್ತು. ಮಾಮನ ಎರಡೂ ಕಣ್ಣಿಗೆ ಪೊರೆ ಬಂದು, ಒಂದರ ನಂತರ ಒಂದು ಆಪರೇಷನ್ ಆಗಿ, ಎರಡು ತಿಂಗಳು ಅವರು ಮನೆಯಲ್ಲಿದ್ದರು. ಅವರ ಕೆಲಸವೆಲ್ಲ ನನ್ನ ತಲೆಗೆ ಬಿತ್ತು. ಅದರಲ್ಲಿ ಒಂದು ಕಲಬುರಗಿ ಕಡೆಯ ಒಬ್ಬ ಹೆಂಗಸಿನದು. ಧಾರಾವಿಯ ಅಂಚಿನ ಹಳೆಯ ಚಾಳಿನಲ್ಲಿ ಅವಳ ಅವ್ವನ ಹೆಸರಿನಲ್ಲಿ ಒಂದು ಖೋಲಿ, ಒಂದೇ ಕೋಣೆಯ ಬಾಡಿಗೆ ಮನೆ, ಇತ್ತು. ಅವ್ವ ಸತ್ತ ಮೇಲೆ ಮಾಲೀಕ, ಮಗಳು ಅಲ್ಲಿ ವಾಸವೇ ಇರಲಿಲ್ಲ, ಖೋಲಿ ಬಿಡಿಸಿಕೊಡಿ ಎಂದು ದಾವೆ ಹಾಕಿದ್ದ. ಅವಳು ಹುಟ್ಟಿದ್ದೇ ಆ ಖೋಲಿಯಲ್ಲಿ. ಆದರೂ ಸಾಕ್ಷಿ ಸರಿಯಾಗಿ ಹೇಳಲಾಗದೆ ಸೋತಿದ್ದಳು. ಅಪೀಲಿನಲ್ಲಿ ಗೆಲ್ಲುವ ಕೇಸು ಎಂದು ಸೀನಿಯರ್ ಖಚಿತವಾಗಿ ಹೇಳಿದ್ದರು. ಅಪೀಲು ಹಾಕಲು ತೀರ್ಪಿನ ನಕಲು ಬೇಕು. ನಕಲಿಗೆ ನಾನೇ ಅರ್ಜಿ ಕೊಟ್ಟು ಬಂದಿದ್ದೆ. ನಕಲು ಸಿದ್ಧವಾಗುವವರೆಗಿನ ದಿನಗಳನ್ನು ಗಡುವಿನಲ್ಲಿ ಹಿಡಿಯುವುದಿಲ್ಲ, ಸಿದ್ಧವಾದ ಮೇಲೆ ಒಂದೊಂದು ದಿನವೂ ಲೆಕ್ಕಕ್ಕೆ. ಸಿದ್ಧವಾಯಿತೇ ಎಂದು ಆಗಾಗ ಹೋಗಿ ಕೋರ್ಟಿನ ಬೋರ್ಡು ನೋಡಬೇಕು. ಅಷ್ಟೇ ಕೆಲಸ.

ಅವಳು ಧಾರಾವಿಯ ಒಂದು ಚರ್ಮದ ಬ್ಯಾಗಿನ ಕಾರ್ಖಾನೆಯಲ್ಲಿ ಅಸ್ತರು ಹೊಲಿಯುವವಳು. ಶುಕ್ರವಾರ ರಜೆ. ಪ್ರತಿ ಶುಕ್ರವಾರ ಹನ್ನೊಂದಕ್ಕೆ ಸರಿಯಾಗಿ ಮೆಟ್ಟಿಲು ಹತ್ತಿ ಬಂದು ಬಾಗಿಲಲ್ಲಿ ನಿಲ್ಲುತ್ತಿದ್ದಳು.

‘ಸಾಹೇಬ್ರ, ಕಾಪಿ ಬಂತೇನ್ರಿ?’

‘ಇನ್ನೂ ಬಂದಿಲ್ಲಮ್ಮ. ಮುಂದಿನ ವಾರ ಬನ್ನಿ.’

‘ಆತ್ರಿ ಸಾಹೇಬ್ರ. ಬರ್ತೀನ್ರಿ.’

ನಾನು ಹೋಗಿ ನೋಡಿರಲಿಲ್ಲ. ಮೊದಲ ವಾರ ಕೆಲಸವಿತ್ತು, ಎರಡನೆಯ ವಾರ ಮಳೆಗೆ ಲೋಕಲ್ ನಿಂತಿತ್ತು, ಆಮೇಲೆ ನೋಡದೆಯೇ ಹೇಳುವುದು ರೂಢಿಯಾಯಿತು. ನನ್ನನ್ನು ‘ಸಾಹೇಬ್ರ’ ಎಂದು ಕರೆದು ಹೇಳಿದ್ದನ್ನು ನಂಬಿ ಹೋಗುವವಳು ಎದುರಿಗಿದ್ದಳು. ಅದು ನನಗೆ ಹಿತವಾಗಿಯೇ ಇತ್ತು ಎಂದು ಈಗ ಒಪ್ಪಿಕೊಳ್ಳುತ್ತೇನೆ.

ಮಾಮ ಕಪ್ಪು ಕನ್ನಡಕ ಹಾಕಿಕೊಂಡು ಕೆಲಸಕ್ಕೆ ಮರಳಿದರು. ಮೊದಲ ದಿನವೇ ಕೋರ್ಟಿಗೆ ಹೋಗಿ, ಬೋರ್ಡು ನೋಡಿ, ಆ ನಕಲನ್ನು ಪಡೆದು ತಂದು ನನ್ನ ಮೇಜಿನ ಮೇಲಿಟ್ಟರು.

‘ವಕೀಲ್ರೇ, ಇದು ತಯಾರಾಗಿ ಐವತ್ತೊಂದು ದಿನ ಆಯ್ತಲ್ಲ. ನಾನು ಅರೆಗುರುಡ, ನಿಮ್ಮ ಕಣ್ಣಿಗೆ ಎಂತ ಆಗಿತ್ತು?’

ಅಪೀಲಿನ ಗಡುವು ಮುಗಿದು ಆಗಲೇ ಇಪ್ಪತ್ತೊಂದು ದಿನವಾಗಿತ್ತು.

ಮುಂದಿನ ಶುಕ್ರವಾರದವರೆಗೂ ಕಾಯದೆ ಅವರು ಅವಳಿಗೆ ಫೋನು ಮಾಡಿ ಅಡುಗೆಮನೆಯ ಕ್ಯಾಲೆಂಡರ್ ತರಿಸಿಕೊಂಡರು. ಅವಳಿಗೆ ಓದು ಬರಹ ಬಾರದು. ಆದರೆ ಕ್ಯಾಲೆಂಡರಿನಲ್ಲಿ ಏಳು ಶುಕ್ರವಾರಗಳ ಚೌಕದಲ್ಲಿ ಒಂದೊಂದು ಕೆಂಪು ಟಿಕಳಿ ಅಂಟಿಸಿದ್ದಳು, ಹಣೆಗೆ ಇಡುವುದೇ. ಇವು ಎಂತ ಎಂದು ಮಾಮ ಕೇಳಿದರು.

‘ವಕೀಲ್ರ ಆಫೀಸಿಗಿ ಬಂದಿದ್ದ ದಿನಾರೀ ಅಣ್ಣಾರ. ಒಂದೂ ತಪ್ಪಿಸಿಲ್ರಿ.’

ಮಾಮ ಆ ಏಳು ಟಿಕಳಿಗಳನ್ನು ಬೆರಳಲ್ಲಿ ಒಂದೊಂದಾಗಿ ಮುಟ್ಟಿದರು. ನನ್ನ ಕಡೆ ನೋಡಲಿಲ್ಲ.

ಆ ಸಂಜೆ ಒಂದು ಹಾಳೆ ನನ್ನ ಮುಂದಿಟ್ಟರು. ಪೆನ್ಸಿಲಿನಲ್ಲಿ ಬರೆದ ಕರಡು. ಅದು ಅವಳ ಅಫಿಡವಿಟ್ ಅಲ್ಲ, ನನ್ನದು. ಇಂಥ ಆಫೀಸಿನ ಜೂನಿಯರ್ ವಕೀಲನಾದ ನಾನು ಪ್ರಮಾಣ ಮಾಡಿ ಹೇಳುವುದೇನೆಂದರೆ, ಈ ಹೆಂಗಸು ಏಳು ಶುಕ್ರವಾರ ನಮ್ಮಲ್ಲಿಗೆ ಬಂದಳು, ನಕಲು ಬಂದಿಲ್ಲವೆಂದು ನಾನು ಏಳು ಸಲವೂ ಹೇಳಿದೆ, ನಾನು ಹೋಗಿ ನೋಡಿರಲಿಲ್ಲ, ತಡವಾದದ್ದು ನನ್ನಿಂದ, ಅವಳಿಂದಲ್ಲ. ಇಷ್ಟೇ.

‘ವಕೀಲನ ತಪ್ಪಿಗೆ ಕಕ್ಷಿದಾರನ ಮನೆ ಕಳೀಬಾರದು ಅಂತ ಕೋರ್ಟು ಎಷ್ಟೋ ಸಲ ಹೇಳಿದೆ. ಎಲ್ಲಾ ಸಲ ಕೇಳ್ತದೆ ಅಂತ ಅಲ್ಲ. ಆದ್ರೆ ಇಲ್ಲಿ ಆಕೆಯ ಕ್ಯಾಲೆಂಡರ್ ಉಂಟಲ್ಲ, ಕೇಳ್ತದೆ. ಸಹಿ ಮಾಡಿ’ ಎಂದರು.

‘ಸೀನಿಯರ್ ಹತ್ರ ಮಾತಾಡಿ ಮಾಡ್ತೇನೆ ಮಾಮ’ ಎಂದೆ.

ಮಾತಾಡಿದೆ. ಆದರೆ ಆಡಿದ್ದು ಬೇರೆ ಮಾತು. ಅಪೀಲು ಯಾಕೆ ತಡವಾಯಿತು ಎಂದು ಸೀನಿಯರ್ ಕೇಳಿದಾಗ, ನನ್ನ ಹೆಸರು ಕೋರ್ಟಿನ ಕಾಗದದಲ್ಲಿ ತಪ್ಪಿತಸ್ಥನ ಹೆಸರಾಗಿ ಬರುವುದನ್ನು ಕಣ್ಣ ಮುಂದೆ ಕಂಡು, ‘ಆಕೆ ಬರಲೇ ಇಲ್ಲ ಸರ್. ಹುಷಾರಿರಲಿಲ್ಲವಂತೆ’ ಎಂದೆ. ಅದಕ್ಕಾಗಿ ಯೋಚಿಸಲೂ ಇಲ್ಲ. ಸೀನಿಯರ್ ತಲೆಯೆತ್ತದೆ, ‘ಹಾಗಾದ್ರೆ ಡಾಕ್ಟರ್ ಸರ್ಟಿಫಿಕೇಟ್ ತರಿಸಿ, ಹಾಕಿಬಿಡಿ’ ಎಂದರು. ಪಕ್ಕದ ಮೇಜಿನಲ್ಲಿ ಮಾಮ ಇದ್ದರು. ಅವರು ಒಂದು ಮಾತು ಆಡಿದ್ದರೆ ಸಾಕಿತ್ತು. ಅವರು ಪೆನ್ಸಿಲು ಚೂಪು ಮಾಡುತ್ತಾ ಕೂತರು.

ಯಾಕೆ ಆಡಲಿಲ್ಲ? ನಾನು ದೋಸೆ ಹುಯ್ಯುವವನ ಮಗ, ಅವರೇ ಕೈ ಹಿಡಿದು ತಂದು ಕೂರಿಸಿದವನು. ಆಡಿದ್ದರೆ ಅಂದೇ ನಾನು ಮೆಟ್ಟಿಲಿಳಿಯಬೇಕಿತ್ತು. ಆಮೇಲಿನ ದಿನಗಳಲ್ಲಿ ಆಫೀಸಿನ ಹೊರಗೆ ಮೂರು ಸಲ ಕೇಳಿದರು. ‘ಈಗಲೂ ಸಹಿ ಮಾಡ್ಬಹುದು.’ ಮೂರು ಸಲವೂ ನಾನು ‘ನಾಳೆ’ ಎಂದೆ. ನಾಲ್ಕನೆಯ ಸಲ ಅವರು ಕೇಳಲಿಲ್ಲ, ಕೂತು ಜಾಂಡೀಸ್ ಬರೆದರು. ಸರ್ಟಿಫಿಕೇಟ್ ನಾನು ತಂದೆ.

ಅಫಿಡವಿಟ್ ಇಂಗ್ಲಿಷಿನಲ್ಲಿರುತ್ತದೆ. ಓದು ಬಾರದವರಿಗೆ ಅವರ ಭಾಷೆಯಲ್ಲಿ ಓದಿ ಹೇಳಿದ್ದೇನೆ ಎಂದು ಒಬ್ಬರು ಕೊನೆಯಲ್ಲಿ ಸಹಿ ಹಾಕಬೇಕು. ನಮ್ಮ ಆಫೀಸಿನಲ್ಲಿ ಕನ್ನಡದವರಿಗೆ ಓದಿ ಹೇಳಿ ಆ ಸಹಿ ಹಾಕುವುದು ಮಾಮನ ಕೆಲಸ. ಅಂದೂ ಅವರು ಓದಿ ಹೇಳಿದರು, ಒಂದು ಸಾಲೂ ಬಿಡದೆ.

ಅವಳು ಕೇಳಿ ಗಾಬರಿಯಾದಳು. ‘ನನಗ ಕಾಮಣಿ ಆಗೇ ಇಲ್ಲಲ್ರೀ ಅಣ್ಣಾರ! ನಾ ದಿನಾ ಕೆಲಸಕ್ಕ ಹೋಗೀನಿ. ಶುಕ್ರವಾರಕ್ಕೊಮ್ಮಿ ಇಲ್ಲಿಗಿ ಬಂದೀನಿ. ಈ ಸಾಹೇಬ್ರನ್ನ ಕೇಳ್ರಿ.’

ಮಾಮ ನನ್ನ ಕಡೆ ನೋಡಿದರು. ನಾನು ಫೈಲಿನ ದಾರ ಕಟ್ಟುತ್ತಿದ್ದೆ.

‘ಕೋರ್ಟಿನ ಪದ್ಧತಿ ಹೀಗೇ ಅಕ್ಕ’ ಎಂದರು ಮಾಮ. ಅವರ ಧ್ವನಿ ಅಷ್ಟು ಸಣ್ಣದಾದದ್ದನ್ನು ನಾನು ಕೇಳಿರಲಿಲ್ಲ. ‘ಹೆಬ್ಬೆಟ್ಟು ಒತ್ತಿ.’

ಅವಳು ಒತ್ತಿದಳು. ಅದರ ಕೆಳಗೆ ಮಾಮ ಸಹಿ ಹಾಕಿದರು.

ವಿಚಾರಣೆಯ ದಿನ ಎದುರಿನ ವಕೀಲರು ಎದ್ದು ನಿಂತು ಬ್ಯಾಗಿನ ಕಾರ್ಖಾನೆಯ ಹಾಜರಿ ಪುಸ್ತಕದ ಝೆರಾಕ್ಸ್ ಮುಂದಿಟ್ಟರು. ಗಡುವು ಮುಗಿದಂದಿನಿಂದ ಅರ್ಜಿ ಹಾಕುವವರೆಗೆ ಹಾಸಿಗೆ ಹಿಡಿದಿದ್ದಳು ಎಂದು ನಾವು ಬರೆದಿದ್ದ ಇಪ್ಪತ್ತಾರು ದಿನಗಳಲ್ಲಿ ಶುಕ್ರವಾರ ಬಿಟ್ಟು ಒಂದು ದಿನವೂ ಅವಳು ತಪ್ಪಿಸಿರಲಿಲ್ಲ. ನ್ಯಾಯಾಧೀಶರು ಹೆಚ್ಚು ಮಾತಾಡಲಿಲ್ಲ. ಬಡವಳು, ತಿಳಿಯದವಳು ಎಂದು ಕನಿಕರ ತೋರಬಹುದಿತ್ತು, ಆದರೆ ಸುಳ್ಳು ಪ್ರಮಾಣ ಮಾಡಿ ಬಂದವರಿಗೆ ಆ ಕನಿಕರ ಸಲ್ಲದು ಎಂದರು. ಅರ್ಜಿ ವಜಾ, ಅದರೊಂದಿಗೆ ಅಪೀಲೂ. ಮೇಲಿನ ಕೋರ್ಟಿಗೂ ಹೋದೆವು. ಅಲ್ಲಿಯೂ ಆ ಹಾಜರಿ ಪುಸ್ತಕವೇ ಮೊದಲು ಮೇಜಿಗೆ ಬಂತು. ಅವಳು ಆ ಖೋಲಿಯಲ್ಲಿ ಹುಟ್ಟಿ ಬೆಳೆದವಳು ಎಂಬ ಮಾತನ್ನು ಯಾರೂ ಕೇಳಲಿಲ್ಲ.

ಖೋಲಿ ಖಾಲಿ ಮಾಡಿಸಿದ ದಿನ ಮಾಮ ರಜೆ ಹಾಕಿ ಅಲ್ಲಿಗೆ ಹೋದರು. ನಾನು ಹೋಗಲಿಲ್ಲ. ಪಾತ್ರೆ, ಟ್ರಂಕು, ಹೊಲಿಗೆ ಮೆಷಿನ್ನು ಗಲ್ಲಿಯಲ್ಲಿ ಇಟ್ಟಿದ್ದರಂತೆ. ಮಾಮ ತಮ್ಮ ನೇಮದಂತೆ ಕ್ಯಾಲೆಂಡರನ್ನು ಸುತ್ತಿ ತೆಗೆದುಕೊಂಡು ಹೋಗಿ ಅವಳಿಗೆ ಕೊಡಲು ಕೈ ಚಾಚಿದರಂತೆ.

‘ಗ್ವಾಡಿನ ಹೋತಲ್ರೀ ಅಣ್ಣಾರ. ಎಲ್ಲಿ ತೂಗಹಾಕ್ಲಿ?’ ಎಂದಳಂತೆ.

ಇದನ್ನು ನನಗೆ ಹೇಳಿದ್ದು ಮಾಮನೇ, ಮರುದಿನ, ಒಂದೇ ಒಂದು ಸಲ. ಬೈಯಲಿಲ್ಲ. ಬೈದಿದ್ದರೆ ನನಗೆ ಅನುಕೂಲವಾಗುತ್ತಿತ್ತು. ಆ ತಿಂಗಳ ಕೊನೆಗೆ ಅವರು ಕೆಲಸ ಬಿಟ್ಟರು. ಕಣ್ಣು ಸರಿಯಿಲ್ಲ ಎಂದು ಸೀನಿಯರ್‌ಗೆ ಹೇಳಿದರು. ಅವರ ಬಾಯಲ್ಲಿ ನಾನು ಕೇಳಿದ ಎರಡನೆಯ ಸುಳ್ಳು ಕಾಯಿಲೆ ಅದು.

ಇದಾಗಿ ಹತ್ತು ವರ್ಷ ದಾಟಿದೆ. ನನ್ನದು ಈಗ ಸ್ವಂತ ಆಫೀಸು, ಬಾಗಿಲ ಮೇಲೆ ನನ್ನ ಹೆಸರು, ಬೋರ್ಡು ನೋಡಿ ಬರಲು ಜೂನಿಯರ್‌ಗಳು. ಮಾಮ ಅಪರೂಪಕ್ಕೊಮ್ಮೆ ಮಾಟುಂಗದಲ್ಲಿ ಸಿಗುತ್ತಿದ್ದರು. ನನ್ನ ಮಕ್ಕಳನ್ನು ವಿಚಾರಿಸಿ, ಕಾಫಿ ಕುಡಿಸಿ, ಕೊನೆಗೆ ಒಂದೇ ಪ್ರಶ್ನೆ ಕೇಳುತ್ತಿದ್ದರು. ‘ಆಕೆಯನ್ನು ಹೋಗಿ ನೋಡಿದ್ರಾ?’ ಅವಳು ಈಗ ನಾಲಾಸೋಪಾರಾದಲ್ಲಿ ಬಾಡಿಗೆಗೆ ಇದ್ದಾಳೆ, ಧಾರಾವಿಯ ಕೆಲಸಕ್ಕೆ ಹೋಗಿ ಬರಲು ದಿನಕ್ಕೆ ನಾಲ್ಕು ಗಂಟೆ ರೈಲಿನಲ್ಲಿ ನಿಲ್ಲುತ್ತಾಳೆ ಎಂದು ಅವರೇ ಹೇಳಿದ್ದರು. ಅವರು ವರ್ಷಕ್ಕೊಮ್ಮೆ ಹೋಗಿ ಬರುತ್ತಿದ್ದರು. ನಾನು ಪ್ರತಿ ಸಲ ‘ಹೋಗಬೇಕು ಮಾಮ’ ಎನ್ನುತ್ತಿದ್ದೆ. ಆಮೇಲಾಮೇಲೆ ಮಾಟುಂಗದ ಆ ರಸ್ತೆಯನ್ನೇ ತಪ್ಪಿಸಿ ನಡೆಯತೊಡಗಿದೆ.

ಅವರು ಆಸ್ಪತ್ರೆಯಲ್ಲಿದ್ದಾಗ ಮಗಳ ಫೋನಿನಿಂದ ಎರಡು ಸಲ ಕರೆ ಬಂದಿತ್ತು. ಕೋರ್ಟಿನಲ್ಲಿದ್ದೇನೆ, ನಾಳೆ ಬರುತ್ತೇನೆ ಎಂದಿದ್ದೆ.

ಕೊನೆಗೆ ಮೂವತ್ತೆಂಟನೆಯ ದಿನ ಮುಲುಂಡಿನ ಅವರ ಮನೆಯ ಬೆಲ್ ಒತ್ತಿದೆ. ಮಗಳು ಬಾಗಿಲು ತೆರೆದಳು. ಇಲ್ಲೇ ಹುಟ್ಟಿ ಬೆಳೆದವಳು, ಬ್ಯಾಂಕಿನ ಕೆಲಸ, ಕನ್ನಡವನ್ನು ಹುಡುಕಿ ಹುಡುಕಿ ಆಡುತ್ತಾಳೆ. ಕೂರಿಸಿದಳು. ಗೋಡೆಯ ಮೇಲೆ ಅಪ್ಪನ ಫೋಟೋ, ಹಾರ ಒಣಗಿತ್ತು. ಒಳಗೆ ಹೋಗಿ ದಾರ ಕಟ್ಟಿದ ಒಂದು ಸುರುಳಿ ತಂದು ನನ್ನ ಕೈಗೆ ಕೊಟ್ಟಳು.

‘ಇದು ಅಂಕಲ್, ನಿಮಗೆ ಕೊಡ್ಲಿಕ್ಕೆ ಪಪ್ಪಾನೇ ಬೋಲಾ ಥಾ.’

ಬಿಚ್ಚಿದೆ. ಹಳದಿಯಾದ ಕ್ಯಾಲೆಂಡರ್, ಹತ್ತು ವರ್ಷದ ಹಿಂದಿನದು. ಏಳು ಟಿಕಳಿಗಳೂ ಇದ್ದವು, ಬಣ್ಣ ಮಾತ್ರ ಹೋಗಿತ್ತು. ಅದಕ್ಕೆ ಪಿನ್ ಹಾಕಿ ಸಿಕ್ಕಿಸಿದ್ದ ಹಾಳೆ ನನ್ನ ಹೆಸರಿನಲ್ಲಿದ್ದ ಆ ಕರಡು. ಪೆನ್ಸಿಲಿನ ಅಕ್ಷರ ಮಾಸದಿರಲೆಂದು ಅದರ ಮೇಲೆ ಪೆನ್ನಿನಿಂದ ತಿದ್ದಿದ್ದರು. ಕೆಳಗೆ ಸಹಿಯ ಜಾಗ ಹಾಗೆಯೇ ಖಾಲಿ ಇತ್ತು.

‘ಪಪ್ಪ ತುಂಬಾ ಕೇಳ್ತಿದ್ರು ಅಂಕಲ್’ ಎಂದಳು ಮಗಳು. ಅವಳ ಧ್ವನಿಯಲ್ಲಿ ಆಕ್ಷೇಪಣೆ ಇರಲಿಲ್ಲ, ತಿಳಿಯುವ ಆಸೆಯಷ್ಟೇ ಇತ್ತು. ‘ವಕೀಲ್ರು ಬಂದ್ರಾ, ವಕೀಲ್ರು ಬಂದ್ರಾ ಅಂತ. ಲಾಸ್ಟ್ ದಿನ ಭೀ. ನೀವು ಇಷ್ಟು ಲೇಟ್ ಯಾಕೆ ಬಂದ್ರಿ?’

ಕ್ಯಾಲೆಂಡರ್ ನನ್ನ ತೊಡೆಯ ಮೇಲೆ ತೆರೆದೇ ಇತ್ತು.

‘ಹುಷಾರಿರಲಿಲ್ಲಮ್ಮ’ ಎಂದೆ.

‘ಅಯ್ಯೋ, ಏನಾಗಿತ್ತು?’ ಎಂದಳು. ನಂಬಿದ್ದಳು. ನನಗೆ ನೀರು ತರಲು ಎದ್ದು ಒಳಗೆ ಹೋದಳು.